ನಮ್ಮ ಮನೆ ನೋಡಲು ಬಂದವರು

ಗೈಡ್ ಕೆಲಸ ಮಾಡುವವನು ತಮಾಷೆಯನ್ನು ಹುಡುಕಿಕೊಂಡು ಹೋಗಬೇಕಾಗಿಲ್ಲ. ಅದು ದಿನಾ ಬೆಳಿಗ್ಗೆ ತಲೆಗೆ ಟೋಪಿ, ಕೊರಳಿಗೆ ಕ್ಯಾಮರಾ ಹಾಕಿಕೊಂಡು ತಾನೇ ಬಂದು ಗಾಡಿ ಹತ್ತುತ್ತದೆ. ಇಷ್ಟು ವರ್ಷ ಆ ಕೆಲಸ ಮಾಡಿದ ನಾನು ಎಷ್ಟು ನಕ್ಕೆ ಎಂದು ಕೇಳಬೇಡಿ. ನಕ್ಕಿದ್ದಕ್ಕಿಂತ ಹಲ್ಲು ಕಡಿದದ್ದೇ ಹೆಚ್ಚು.

ಎಪ್ಪತ್ತರ ದಶಕದ ಕೊನೆಯಿಂದ ಎಂಬತ್ತರ ದಶಕದ ಬಹುಭಾಗ ನಾನು ಬಾದಾಮಿಯಲ್ಲಿದ್ದೆ. ಸ್ಟೇಶನ್ ರಸ್ತೆಯ ಒಂದು ಲಾಡ್ಜಿನ ಮಾಲೀಕರು ಹಳೆಯ ಮೆಟಡಾರ್ ಒಂದನ್ನು ಇಟ್ಟಿದ್ದರು. ಆರು ಮಂದಿ ಸಿಕ್ಕರೆ ಒಂದು ಬ್ಯಾಚು. ಬೆಳಿಗ್ಗೆ ಬಾದಾಮಿಯ ಗುಹೆ, ಬಿಸಿಲೇರುವ ಹೊತ್ತಿಗೆ ಪಟ್ಟದಕಲ್ಲು, ಊಟವಾದ ಮೇಲೆ ಐಹೊಳೆ, ದೀಪ ಹಚ್ಚುವ ಹೊತ್ತಿಗೆ ವಾಪಸ್. ಒಂದೇ ದಿನದಲ್ಲಿ ಚಾಲುಕ್ಯರ ಇಡೀ ವಂಶವನ್ನು ಹುಟ್ಟಿಸಿ, ಆಳಿಸಿ, ಮುಗಿಸಿ ನಾನು ಸಂಜೆಯ ಚಹಾಕ್ಕೆ ಕೂಡಬೇಕಿತ್ತು.

ಈಗ ನನ್ನ ಮನೆಯ ವಿಷಯ ಹೇಳಿಬಿಡಬೇಕು. ನಾನು ಹುಟ್ಟಿದ್ದು ಹುನಗುಂದ ತಾಲೂಕಿನ ಐಹೊಳೆಯಲ್ಲಿ, ಅದೂ ಒಂದು ಗುಡಿಯೊಳಗೆ. ನಮ್ಮದೇನು ಪೂಜಾರಿಕೆಯ ಮನೆತನವಲ್ಲ. ಆಗ ಐಹೊಳೆಯಲ್ಲಿ ಎಷ್ಟೋ ಮಂದಿ ಹಾಳು ಬಿದ್ದ ಹಳೆಯ ಗುಡಿಗಳಲ್ಲೇ ಸಂಸಾರ ಹೂಡಿದ್ದರು. ಯಾರದೋ ಮುತ್ತಜ್ಜ ದೇವರಿಲ್ಲದ ಗುಡಿ ನೋಡಿ ಸೇರಿಕೊಂಡಿರುತ್ತಾನೆ. ಗರ್ಭಗುಡಿಯಲ್ಲಿ ಜೋಳದ ಚೀಲ, ಕಂಬಗಳ ನಡುವೆ ಮಣ್ಣಿನ ಗೋಡೆ, ಮುಂದಿನ ಮಂಟಪದಲ್ಲಿ ಎಮ್ಮೆ. ಗುಡಿಯನ್ನು ಊರವರು ಕರೆಯುವುದೂ ಅಲ್ಲಿದ್ದವರ ಹೆಸರಿನಿಂದಲೇ. ನಮ್ಮದಕ್ಕೆ ನಮ್ಮ ಅಜ್ಜನ ಹೆಸರು. ನಾನು ಹೈಸ್ಕೂಲು ಮುಗಿಸುವ ಹೊತ್ತಿಗೆ ಪುರಾತತ್ವ ಇಲಾಖೆಯವರು ಬಂದು, ಇದು ಮನೆಯಲ್ಲ ಸ್ಮಾರಕ ಎಂದು ಹೇಳಿ ನಮ್ಮನ್ನು ಬಿಡಿಸಿದರು. ಊರ ಹೊರಗೆ ಒಂದು ತುಂಡು ಜಾಗ ಕೊಟ್ಟರು. ನಾವು ಅಲ್ಲಿ ತಗಡಿನ ಮನೆ ಹಾಕಿಕೊಂಡೆವು. ಅಜ್ಜನ ಹೆಸರನ್ನು ಮಾತ್ರ ಯಾರೂ ಬಿಡಿಸಲಿಲ್ಲ. ಅದು ಇಲಾಖೆಯ ನೀಲಿ ಬೋರ್ಡಿನ ಮೇಲೆ ಸುಖವಾಗಿ ಉಳಿಯಿತು.

ತಂಗಿ ಚೊಚ್ಚಲ ಬಾಣಂತನಕ್ಕೆ ಆ ತಗಡಿನ ಮನೆಗೇ ಬಂದಳು. ಕೆಟ್ಟ ಬೇಸಿಗೆ. ಆ ಕೂಸು ಉಳಿಯಲಿಲ್ಲ. ದವಾಖಾನೆಯವರು ಏನೇನೋ ಕಾರಣ ಹೇಳಿದರು, ಅವ್ವ ತಲೆಯೆತ್ತಿ ತಗಡನ್ನಷ್ಟೇ ನೋಡಿದಳು. ತಂಗಿ ಎರಡನೆಯ ಸಲ ಬಸುರಾದಾಗ ಅವ್ವ ಹಟ ಹಿಡಿದು ಕೂತಳು.

"ಈ ಕೂಸಿನ ತೊಟ್ಟಲಾ ನಮ್ಮ ಮನ್ಯಾಗ ಕಟ್ಟಬೇಕು. ನಿನ್ನ, ನಿನ್ನ ತಂಗಿನ್ನ, ನಿಮ್ಮಪ್ಪನ್ನ, ಎಲ್ಲಾರ್ನೂ ಆ ಕೊಂಡಿಗೇ ತೂಗ್ಯಾರ. ಇದನ್ನೂ ಅಲ್ಲೇ ತೂಗತೇನಿ. ನೀ ದಿನಾ ಮಂದಿನ್ನ ಕರಕೊಂಡು ಒಳಗ ಹೋಕ್ಕಿ, ನಿನಗ ಇಷ್ಟೂ ಆಗೂದಿಲ್ಲೇನು?"

ಕೊಂಡಿ ಎಂದರೆ ಮಂಟಪದ ಕಲ್ಲಿನ ತೊಲೆಯಲ್ಲಿ ಅಜ್ಜ ಕೂಡಿಸಿದ್ದ ಕಬ್ಬಿಣದ ಕೊಂಡಿ. ನಾನು ಆಗಲಿ ಎಂದೆ. ಹೆತ್ತ ತಾಯಿಗೆ ಅವಳ ಮನೆಯೊಳಗೆ ಒಂದು ತಾಸು ಜಾಗ ಮಾಡಿಕೊಡಲಾಗದಿದ್ದರೆ ಈ ಗೈಡ್‌ಗಿರಿ ಯಾತಕ್ಕೆ ಎಂದು ನನಗೂ ಅನಿಸಿತ್ತು.

ಅದಕ್ಕೂ ಮೊದಲು

ಬೆಂಗಳೂರಿನಿಂದ ಬಂದಿದ್ದ ಒಬ್ಬ ಯಜಮಾನರು. ಪ್ರಶ್ನೆ ಕೇಳದೆ ಒಂದು ಕಂಬ ದಾಟುವವರಲ್ಲ. ನಮ್ಮ ಮನೆಯೊಳಗೆ, ಕ್ಷಮಿಸಿ, ಸ್ಮಾರಕದೊಳಗೆ ನಿಂತು ಗೋಡೆಯ ಮಸಿಯನ್ನು ಬೆರಳಿನಿಂದ ಒರೆಸಿ ಕೇಳಿದರು:

"ಇಲ್ಲಿ ಯಾರು ವಾಸವಾಗಿದ್ದರು?"

"ನಾವು ಸರ್."

"ನಾವು ಅಂದರೆ?"

"ನಮ್ಮಪ್ಪ, ನಮ್ಮವ್ವ, ನಾನು, ತಂಗಿ. ಒಂದು ಎಮ್ಮೆ."

ಅವರ ಮುಖ ಚಿಕ್ಕದಾಯಿತು. ಅಷ್ಟು ದೂರದಿಂದ ಬಂದವರಿಗೆ ಎಮ್ಮೆಯ ವಿಷಯ ಹೇಳಬಾರದಿತ್ತು. ಹೆಂಡತಿಯ ಕಡೆ ತಿರುಗಿ, "ಪಾಪ, ಇವರಿಗೆ ತರಬೇತಿ ಸಾಲದು" ಎಂದರು. ಆಮೇಲೆ ಮಗುವಿಗೆ ತಿಳಿಸಿ ಹೇಳುವ ದನಿಯಲ್ಲಿ ನನಗೆ, "ಅದಲ್ಲಪ್ಪ, ನಿಮಗಿಂತ ಮೊದಲು ಯಾರಿದ್ದರು? ಯಾರಾದರೂ ದೊಡ್ಡವರು?" ಎಂದರು.

"ನಮಗಿಂತ ಮೊದಲು ದೇವರಿದ್ದ ಸರ್" ಎಂದೆ. "ಅವನನ್ನೂ ಯಾರೋ ಬಿಡಿಸಿ ಕಳಿಸಿದ್ದರು. ಜಾಗ ಕೊಟ್ಟರೋ ಇಲ್ಲವೋ ಗೊತ್ತಿಲ್ಲ."

ಅರಬಿ ಒಗೆಯುವ ಹೊತ್ತು

ಬಾದಾಮಿಯ ಹೊಂಡದ ಮೆಟ್ಟಿಲ ಮೇಲೆ ಹೆಣ್ಣುಮಕ್ಕಳು ಬಟ್ಟೆ ಒಗೆಯುತ್ತಾರೆ. ಒಂದು ಪೆಟ್ಟು ಹಾಕಿದರೆ ಎದುರಿನ ಗುಡ್ಡ ಇನ್ನೊಂದು ಹಾಕುತ್ತದೆ. ಮುಂಬೈಯ ಒಬ್ಬ ಫೋಟೋದವನು ಮೂರು ಕಾಲಿನ ಸ್ಟ್ಯಾಂಡ್ ಹೂಡಿ, ಕಣ್ಣು ಕಿರಿದು ಮಾಡಿ, ನನಗೆ ಸನ್ನೆ ಮಾಡಿದ. "ಇವರನ್ನು ಎಬ್ಬಿಸು. ಹಳೆಯ ಕಾಲದ ಚಿತ್ರ ಬೇಕು. ಈ ಬಕೆಟ್ಟು, ಪ್ಲಾಸ್ಟಿಕ್ಕು ಎಲ್ಲಾ ಕೆಡಿಸುತ್ತದೆ."

ನಾನು ಹೋಗಿ ಕೈಮುಗಿದೆ. ಅವರು ಬೈಯುತ್ತ, ಹಿಂಡಿದ್ದು ಹಿಂಡದ್ದು ಎಲ್ಲ ಒಂದೇ ಬುಟ್ಟಿಗೆ ತುಂಬಿ, ಆಚೆಯ ಹುಣಸೇಮರದ ನೆರಳಿಗೆ ಹೋಗಿ ಕೂತರು. ಅವನು ಚಿತ್ರ ತೆಗೆದು ಮುಗಿಸುವಷ್ಟರಲ್ಲಿ ಅದೇ ಬ್ಯಾಚಿನ ಇನ್ನೊಬ್ಬ ಹೆಣ್ಣುಮಗಳು ಬಣ್ಣದ ಡಬ್ಬಿ ಬಿಚ್ಚಿಕೊಂಡು ಕೂತಳು. ಚಿತ್ರ ಬರೆಯುವವಳು. ಖಾಲಿ ಮೆಟ್ಟಿಲು ನೋಡಿ ಅವಳಿಗೆ ಅಳುವೇ ಬಂತು. "ಇಲ್ಲಿ ಹೆಂಗಸರು ಬಟ್ಟೆ ಒಗೆಯುತ್ತಾರೆ ಅಂತ ಹೇಳಿದ್ದರು. ಅದಕ್ಕೇ ಬಂದದ್ದು. ಜನರಿಲ್ಲದ ಜಾಗ ಬರೆದು ಏನು ಮಾಡಲಿ?"

ಮತ್ತೆ ಹುಣಸೇಮರಕ್ಕೆ ಹೋದೆ. ಮತ್ತೆ ಕೈಮುಗಿದೆ. ಅವರಲ್ಲಿ ಹಿರಿಯಳೊಬ್ಬಳು ಸೊಂಟದ ಮೇಲೆ ಕೈಯಿಟ್ಟು ಎದ್ದಳು.

"ಲೇ ತಮ್ಮಾ, ಏಳ ಅಂದಿ, ಎದ್ವಿ. ಈಗ ಕೂಡ ಅಂತಿ. ನಮ್ಮ ಅರಬಿ ಮೈಲಗಿ ಆಗೂದೂ ಇನ್ನ ನಿಮ್ಮ ಸಾಹೇಬ್ರನ್ನ ಕೇಳೇ ಆಗಬೇಕೇನು?"

ಉಡಿ

ಮನೆ ಬಿಟ್ಟ ಮೇಲೂ ಅವ್ವ ಮಧ್ಯಾಹ್ನವೆಲ್ಲ ಬಂದು, ಪ್ರವಾಸಿಗಳಿಗಷ್ಟೇ ತೆರೆಯುತ್ತಿದ್ದ ಗುಡಿಯ ತಂತಿಬೇಲಿಯ ಹೊರಗೆ ಬೇವಿನ ನೆರಳಲ್ಲಿ ಕೂಡುತ್ತಿದ್ದಳು. ಯಾಕೆ ಎಂದರೆ, "ಮನಿ ಕಾಯಾಕ" ಎನ್ನುತ್ತಿದ್ದಳು.

ಒಂದು ದಿನ ಬಂದ ವಿದೇಶಿ ದಂಪತಿಗಳಲ್ಲಿ ಹೆಂಡತಿ ಹಿಂದಿನ ದಿನವಷ್ಟೇ ಇಳಕಲ್ಲಿಗೆ ಹೋಗಿ ಕೆಂಪು ಸೆರಗಿನ ಸೀರೆ ಕೊಂಡಿದ್ದಳು. ಲಾಡ್ಜಿನ ಕಸಗುಡಿಸುವವಳ ಕೈಯಲ್ಲಿ ಉಡಿಸಿಕೊಂಡೇ ಬಂದಿದ್ದಳು. ನಿರಿಗೆ ಹೆಜ್ಜೆಗೊಮ್ಮೆ ಬಿಚ್ಚುತ್ತಿತ್ತು, ಆದರೂ ಮುಖದಲ್ಲಿ ಸಂಭ್ರಮ. ಅವ್ವ ಅವಳನ್ನು ನೋಡಿದವಳೇ ಎದ್ದು ನಿಂತಳು.

"ಗಂಡನ ಕೂಡ ಬಂದಾಳ, ಹೊಸಾ ಸೀರಿ ಉಟ್ಟಾಳ, ನಮ್ಮ ಬಾಗಲಕ ಬಂದು ನಿಂತಾಳ. ಹಂಗ ಹೆಂಗ ಕಳಸೂದೋ? ನಿಂದ್ರಸಕೊಂಡಿರು, ಬಂದೆ."

ತಗಡಿನ ಮನೆಗೆ ಹೋಗಿ ಅಕ್ಕಿ, ಕೊಬ್ಬರಿ ಬಟ್ಟಲು, ಎಲೆ ಅಡಿಕೆ, ತಂಗಿಗೆಂದು ಇಟ್ಟಿದ್ದ ಗುಳೇದಗುಡ್ಡದ ಕುಪ್ಪಸದ ಖಣ ಎಲ್ಲ ತಂದಳು. ಬೇಲಿಯ ಹೊರಗೆ, ತನ್ನ ಮನೆಯ ಹೊಸ್ತಿಲು ಕಣ್ಣಿಗೆ ಕಾಣುವ ಜಾಗದಲ್ಲಿ, ಆ ಹೆಣ್ಣುಮಗಳ ಸೆರಗು ಹಿಡಿಸಿ ಉಡಿ ತುಂಬಿದಳು. ಮನೆಗೆ ಬಂದ ಮುತ್ತೈದೆಯನ್ನು ಒಳಗೆ ಕರೆಯಲಾಗದ ಸಂಕಟಕ್ಕೆ ಅಕ್ಕಿಯನ್ನು ಎರಡು ಹಿಡಿ ಹೆಚ್ಚೇ ಹಾಕಿದಳು. ನನಗೆ ನೋಡಲಾಗಲಿಲ್ಲ.

ಆ ಹೆಣ್ಣುಮಗಳು ಇದು ವ್ಯಾಪಾರ ಅಂದುಕೊಂಡಳು. ಪರ್ಸು ತೆಗೆದು ಒಂದು ನೋಟು ಅವ್ವನ ಕೈಗಿಟ್ಟಳು.

"ಇದ್ಯಾಕೋ?" ಎಂದು ಅವ್ವ ನನ್ನನ್ನು ಕೇಳಿದಳು.

"ಉಡಿ ತುಂಬಿದ್ದಕ್ಕ ಕೊಟ್ಟಾಳಬೇ."

ಅವ್ವ ಆ ನೋಟು ಮಡಚಿ ಅಕ್ಕಿಯ ಜೊತೆ ಅವಳ ಉಡಿಗೇ ಹಾಕಿ, ಕೆನ್ನೆ ಸವರಿ ದೃಷ್ಟಿ ತೆಗೆದಳು. ಅವರು ಗಾಡಿ ಹತ್ತಿದ ಮೇಲೆ ನನ್ನ ಕಡೆ ತಿರುಗಿ ಮೆಲ್ಲಗೆ ಹೇಳಿದಳು:

"ಪಾಪ, ಆಕಿಗೆ ತವರಮನಿ ಇಲ್ಲ ಕಾಣಸ್ತೈತಿ."

ವಾಚ್‌ಮನ್ನನ ನಿದ್ದೆ

ನಾವು ಮತ್ತೆ ನುಗ್ಗಿ ಅಡುಗೆ ಹೂಡೀವೆಂದು ಇಲಾಖೆ ಒಬ್ಬ ವಾಚ್‌ಮನ್ನನನ್ನು ಹಾಕಿತು. ಬೇವೂರಿನವನು. ಒಳ್ಳೆಯ ಮನುಷ್ಯ. ಬಂದ ದಿನವೇ ಮೂರು ಕಲ್ಲು ಹೂಡಿ, ನಮ್ಮ ಒಲೆ ಇದ್ದ ಮೂಲೆಯಲ್ಲೇ ರೊಟ್ಟಿ ಸುಟ್ಟುಕೊಂಡ. ಅಲ್ಲಿ ಅಡುಗೆ ಮಾಡುವ ಹಕ್ಕು ಈಗ ಇಡೀ ಊರಲ್ಲಿ ಅವನೊಬ್ಬನಿಗೇ ಇತ್ತು.

ಉಂಡ ಮೇಲೆ ಮುಂದಿನ ಮಂಟಪದಲ್ಲಿ ಟವೆಲ್ ಹಾಸಿ ಮಲಗಿದ. ಹೊರಳಾಡಿದ, ಎದ್ದ, ಬೆವರು ಒರೆಸಿದ, ಮತ್ತೆ ಮಲಗಿದ. ಬೇಲಿಯ ಹೊರಗಿದ್ದ ಅವ್ವನಿಗೆ ತಡೆಯಲಾಗಲಿಲ್ಲ.

"ಏ ತಮ್ಮಾ, ಅಲ್ಲಿ ಮಕ್ಕೋಬ್ಯಾಡ. ಅಲ್ಲಿ ಎಮ್ಮಿ ಕಟ್ತಿದ್ವಿ, ಉಣ್ಣಿ ಇರತಾವು. ಒಳಗ ಎಡಗಡಿ ಕಂಬದ ಬುಡಕ ಮಕ್ಕೋ. ಕಿಂಡಿ ಗಾಳಿ ಸೀದಾ ಬರತೈತಿ."

ಅದು ಅಪ್ಪ ಮಲಗುತ್ತಿದ್ದ ಜಾಗ. ವಾಚ್‌ಮನ್ ಅಲ್ಲಿ ಹೋಗಿ ಬಿದ್ದವನು ಇಳಿಹೊತ್ತಿಗೇ ಎದ್ದ. ಕಣ್ಣುಜ್ಜಿಕೊಳ್ಳುತ್ತ ಹೊರಗೆ ಬಂದು, "ಯವ್ವಾ, ನನ್ನ ಜನ್ಮದಾಗ ಇಂಥಾ ನಿದ್ದಿ ಬಂದಿಲ್ಲ ನೋಡಬೇ. ಭಾಳ ಛಲೋ ಮನಿ ಐತಿ ನಿಮ್ದು" ಎಂದ.

"ಐತಿ ಅಲ್ಲೇನು?" ಎಂದಳು ಅವ್ವ. "ಅದಕ್ಕ ಸರಕಾರ ನಿನಗ ಪಗಾರ ಕೊಟ್ಟು ಮಲಗಸೈತಿ. ನಾವು ಪುಕ್ಕಟ ಮಕ್ಕೋತಿದ್ವಿ, ಅದಕ್ಕ ಹೊರಗ ಹಾಕಿದ್ರು."

ತೊಟ್ಟಿಲಿಗೆ ನಿಯಮವಿಲ್ಲ

ತಂಗಿಗೆ ದಿನ ತುಂಬುತ್ತ ಬಂತು. ಕಳ್ಳತನದಿಂದ ಯಾಕೆ, ಕೇಳಿಯೇ ಮಾಡೋಣ ಎಂದು ನಾನು ಇಲಾಖೆಯ ಸಾಹೇಬರ ಬಳಿ ಹೋದೆ. ಅವರು ಮೈಸೂರು ಕಡೆಯವರು, ಹುನಗುಂದದ ಪ್ರವಾಸಿ ಬಂಗಲೆಯಲ್ಲಿ ಇಳಿದಿದ್ದರು. ಮಾತು ತೊಳೆದಿಟ್ಟ ಹಾಗೆ.

"ಸಾಹೇಬ್ರ, ನಮ್ಮ ಮನ್ಯಾಗ ಒಂದು ತಾಸು ತೊಟ್ಟಲಾ ಕಟ್ಟಬೇಕಾಗಿತ್ರಿ."

"ಮನೆ ಅನ್ನಬೇಡಿ. ಸ್ಮಾರಕ ಅನ್ನಿ."

"ಆತ್ರಿ. ನಮ್ಮ ಸ್ಮಾರಕದಾಗ."

"ನಮ್ಮ ಅನ್ನಬೇಡಿ."

ನನ್ನ ಮಾತಿನಲ್ಲಿ ಉಳಿದದ್ದು ತೊಟ್ಟಿಲು ಒಂದೇ. ಅವರು ಕನ್ನಡಕ ಒರೆಸಿಕೊಂಡು, "ನಾವು ವಹಿಸಿಕೊಂಡ ಕಾಲಕ್ಕೆ ಅಲ್ಲಿ ಪೂಜೆ ನಡೆಯುತ್ತಿತ್ತೇ?" ಎಂದು ಕೇಳಿದರು.

"ಇಲ್ರಿ. ಅಡಿಗಿ ನಡೀತಿತ್ತು."

"ಅದೇ ತೊಂದರೆ. ಪೂಜೆ ನಡೆಯುತ್ತಿದ್ದರೆ ಮುಂದುವರಿಸಬಹುದಿತ್ತು. ಬರೀ ಬದುಕುತ್ತಿದ್ದರೆ ಅವಕಾಶವಿಲ್ಲ."

ಒಂದು ಕಲ್ಲಿಗೆ ಕುಂಕುಮ ಹಚ್ಚಿ ಕೂತಿದ್ದರೆ ನಾವಿನ್ನೂ ಒಳಗಿರುತ್ತಿದ್ದೆವೇನೋ. ಅಜ್ಜನಿಗೆ ಅಷ್ಟು ಬುದ್ಧಿ ಇರಲಿಲ್ಲ, ಜೋಳ ಬೆಳೆದ, ಮಕ್ಕಳನ್ನು ಸಾಕಿದ. ನನಗೆ ಸಿಟ್ಟು ನೆತ್ತಿಗೇರಿತು. "ಮತ್ತ ಹೋದ ವರ್ಷ ಅಲ್ಲಿ ಸಿನೇಮಾದವ್ರು ಬಂದು ಕುಣದ್ರಲ್ರಿ? ಹತ್ತು ಮಂದಿ ಹುಡಿಗ್ಯಾರು, ಎರಡು ಕುದರಿ?"

"ಚಿತ್ರೀಕರಣಕ್ಕೆ ನಿಯಮವಿದೆ. ತೊಟ್ಟಿಲಿಗೆ ಇಲ್ಲ."

"ಹಂಗಾದ್ರ ಕೂಸಿನ ಮಾರಿಗೆ ಬಣ್ಣಾ ಹಚಗೊಂಡು ಬರ್ತೇವ್ರಿ" ಎಂದು ಹೇಳಿ ಎದ್ದು ಬಂದೆ.

ತೊಟ್ಟಿಲು

ಹೆಣ್ಣು ಕೂಸು ಹುಟ್ಟಿತು. ತೊಟ್ಟಿಲ ದಿನ ಬಂತು. ವಾಚ್‌ಮನ್ ತಾನಾಗಿಯೇ ಹೇಳಿ ಕಳಿಸಿದ್ದ: "ಉಂಡ ಮ್ಯಾಲೆ ನಾ ಎಡಗಡಿ ಕಂಬದ ಬುಡಕ ಇರತೇನಿ. ನಾ ಮಕ್ಕೊಂಡಾಗ ಲೋಕದಾಗ ಏನ ನಡದ್ರೂ ನನಗ ಗೊತ್ತಾಗೂದಿಲ್ಲ."

ಅವತ್ತು ನನ್ನ ಬ್ಯಾಚಿನಲ್ಲಿ ಆರು ಮಂದಿ ಮುದುಕರು, ಯುರೋಪಿನ ಯಾವುದೋ ಹಳೆಯ ಊರಿನವರು. ಅವರಲ್ಲಿ ಶಾಲಾ ಮಾಸ್ತರಿಕೆ ಮಾಡಿ ನಿವೃತ್ತಳಾದ ಒಬ್ಬ ಅಜ್ಜಿ ದಾರಿಯುದ್ದಕ್ಕೂ ತನ್ನ ಊರಿನದನ್ನೇ ಹೇಳುತ್ತಿದ್ದಳು. ಅವಳ ಊರಿಗೂ ಹೀಗೇ ಬೆಳಿಗ್ಗೆ ಬಂದು ಸಂಜೆಗೆ ಹೋಗುವ ಬ್ಯಾಚುಗಳು ಬರುತ್ತವಂತೆ. ಅವಳು ಹುಟ್ಟಿದ ಓಣಿಯಲ್ಲಿ ಈಗ ಯಾರೂ ವಾಸವಿಲ್ಲವಂತೆ. ಎಲ್ಲ ಹೋಟೆಲ್ಲು, ಅಂಗಡಿ. ತಾನು ಹುಟ್ಟಿದ ಕೋಣೆಯನ್ನು ನೋಡಬೇಕಾದರೆ ಅಲ್ಲಿ ಕಾಫಿ ಕುಡಿಯಬೇಕು ಎಂದಳು. ನಾನು ಇನ್ನೊಬ್ಬ ಗೈಡಿಗೂ ಹೇಳದ ನಮ್ಮ ಮನೆಯ ಕಥೆಯನ್ನು ಅವಳಿಗೆ ಹೇಳಿದೆ. ಐಹೊಳೆ ಬರುವ ತನಕ ಅವಳು ನನ್ನ ಕೈ ಬಿಡಲಿಲ್ಲ.

ಬೇಲಿಯ ಬಳಿ ಅವ್ವ, ತಂಗಿ, ಓಣಿಯ ಮೂವರು ಹೆಣ್ಣುಮಕ್ಕಳು ಕಾಯುತ್ತಿದ್ದರು. ಮುದುಕರ ನಡುವೆ ಅವರನ್ನೂ ಸೇರಿಸಿ ಒಳಗೆ ನಡೆಸಿದೆ. ತೊಟ್ಟಿಲನ್ನು ಹೊತ್ತವರು ಬ್ಯಾಚಿನ ಇಬ್ಬರು ಮುದುಕರೇ, ಅಷ್ಟು ಉತ್ಸಾಹ ಅವರಿಗೆ. ಅವ್ವ ಹೊಸ್ತಿಲಲ್ಲಿ ನಿಂತುಬಿಟ್ಟಳು. ಬಾಗಿ ಕಲ್ಲು ಮುಟ್ಟಿದಳು. ಒಳಗೆ ಹೋಗಿ ಕೊಂಡಿಗೆ ಹಗ್ಗ ಕಟ್ಟಿದಳು. ಕೂಸನ್ನು ತೊಟ್ಟಿಲ ಮೇಲೆ ಕೆಳಗೆ ಕೈಯಿಂದ ಕೈಗೆ ದಾಟಿಸಿ, ಮಲಗಿಸಿ ಹೆಸರಿಟ್ಟರು. ಹೆಣ್ಣುಮಕ್ಕಳು ಜೋಗುಳ ಹಿಡಿದರು. ಆ ಕಲ್ಲಿನ ತಂಪಿನಲ್ಲಿ ಕೂಸು ಒಂದು ಸಲ ಆಕಳಿಸಿ ನಿದ್ದೆ ಹೋಯಿತು. ತಂಗಿ ಕಂಬಕ್ಕೆ ಹಣೆ ಹಚ್ಚಿ ಅತ್ತಳು, ಹೋದ ಕೂಸಿಗೋ ಇದ್ದ ಕೂಸಿಗೋ ನಾನು ಕೇಳಲಿಲ್ಲ. ಮುದುಕರು ಚಿತ್ರದ ಮೇಲೆ ಚಿತ್ರ ತೆಗೆದರು. ವಾಚ್‌ಮನ್ ಗೊರಕೆ ಹೊಡೆದ, ಸ್ವಲ್ಪ ಹೆಚ್ಚೇ.

ಅಷ್ಟರಲ್ಲಿ ಜೀಪು ಬಂತು. ಮೈಸೂರು ಕಡೆಯ ಅದೇ ಸಾಹೇಬರು.

ಮುಂದೆ ಏನಾಯಿತೆಂಬುದನ್ನು ಇಲ್ಲೇ ಹೇಳಿ ಮುಗಿಸುತ್ತೇನೆ, ಕಡೆಗೆ ಉಳಿಸಿಕೊಂಡರೆ ಬಾಯಿ ಕಹಿಯಾಗುತ್ತದೆ. ಆಮೇಲೆ ಆಳುಗಳು ಬಂದು ಕೊಂಡಿಯನ್ನು ಕತ್ತರಿಸಿ ಒಯ್ದರು. ವಾಚ್‌ಮನ್ನನನ್ನು ಕಲಾದಗಿ ಕಡೆಗೆ ಹಾಕಿದರು, ಅಲ್ಲಿ ಗಾಳಿ ಬರುತ್ತದೋ ಇಲ್ಲವೋ. ಅವ್ವ ಮತ್ತೆ ಆ ಹೊಸ್ತಿಲು ದಾಟಲಿಲ್ಲ. ಕೂಸು ಮಾತ್ರ ಉಳಿಯಿತು, ಗುಂಡುಗುಂಡಾಗಿ ಬೆಳೆಯಿತು.

ಈಗ ಜೀಪು ಇಳಿದ ಸಾಹೇಬರು. ತೊಟ್ಟಿಲು ಕಂಡರು, ಹಗ್ಗ ಕಂಡರು, ನನ್ನನ್ನು ಕಂಡರು. ಮುಖ ಕೆಂಪಾಯಿತು. "ಏನ್ರೀ ಇದು!" ಎಂದು ಕೂಗಲು ಬಾಯಿ ತೆರೆದರು. ತೆರೆದ ಬಾಯಿ ಮುಚ್ಚುವ ಮೊದಲೇ ಆ ಅಜ್ಜಿ ಹೋಗಿ ಅವರ ಎರಡೂ ಕೈ ಹಿಡಿದು ಕುಲುಕಿದಳು.

"ನೀವೇ ಇಲ್ಲಿಯ ಅಧಿಕಾರಿಯೇ? ನಮ್ಮ ಊರಿನಲ್ಲಿ ಕಲ್ಲು ಉಳಿಸಿಕೊಂಡರು, ಜನರನ್ನು ಕಳೆದುಕೊಂಡರು. ನೀವು ಎರಡನ್ನೂ ಉಳಿಸಿಕೊಂಡಿದ್ದೀರಿ. ಊರಿಗೆ ಹೋಗಿ ಎಲ್ಲರಿಗೂ ಹೇಳುತ್ತೇನೆ."

ನನ್ನ ಕಥೆ ಕೇಳಿದ್ದವಳು ಅವಳು. ಬೇಕೆಂದೇ ಹೇಳಿದಳೆಂದು ನನಗೆ ಈಗಲೂ ಅನುಮಾನ. ಉಳಿದ ಐದೂ ಮುದುಕರು ಸಾಹೇಬರ ಸುತ್ತ ನೆರೆದರು. ಸಾಹೇಬರ ಮುಖದ ಕೆಂಪು ನಿಧಾನಕ್ಕೆ ಇಳಿದು ನಗುವಾಯಿತು. ಎದೆ ಒಂದಿಷ್ಟು ಮುಂದೆ ಬಂತು.

"ಈ ಕಾರ್ಯಕ್ರಮ ಎಷ್ಟು ದಿನಕ್ಕೊಮ್ಮೆ ನಡೆಯುತ್ತದೆ?" ಎಂದು ಒಬ್ಬ ಮುದುಕ ಕೇಳಿದ.

"ಪ್ರತಿ ತಿಂಗಳು" ಎಂದರು ಸಾಹೇಬರು, ಇಂಗ್ಲಿಷಿನಲ್ಲಿ, ಒಂದು ಕ್ಷಣವೂ ತಡಮಾಡದೆ. "ನಮ್ಮ ಇಲಾಖೆಯೇ ಏರ್ಪಡಿಸುತ್ತದೆ."

ತೊಟ್ಟಿಲು ತೂಗುತ್ತಿದ್ದ ಅವ್ವ ನನ್ನನ್ನು ಕೇಳಿದಳು, "ಸಾಹೇಬ್ರು ಏನಂತಾರೋ?"

"ಇದನ್ನ ತಿಂಗಳಾ ತಿಂಗಳಾ ಅವ್ರೇ ಮಾಡಸ್ತಾರಂತಬೇ."

ಅವ್ವ ಹಗ್ಗ ಬಿಟ್ಟು ಎದ್ದು ನಿಂತಳು. ಇಡೀ ಗುಡಿಗೆ ಕೇಳುವಂತೆ ಅಂದಳು:

"ತಿಂಗಳಾ ತಿಂಗಳಾ ಹಡಿಯಾವ್ರು ಯಾರಂತ? ಅವರ ಹೇಣ್ತಿನ್ನ ಕಳಸ್ತಾರಂತೇನು? ಕಳಸಲಿ, ಬಾಣಂತನಾ ನಾ ಮಾಡ್ತೇನಿ. ಆದ್ರ ತಗಡಿನ ಮನ್ಯಾಗಲ್ಲ ಮತ್ತ, ಇಲ್ಲೇ, ನಮ್ಮ ಮನ್ಯಾಗ!"

ಜೋಗುಳ ನಿಂತಿತು. ಗೊರಕೆಯೂ ನಿಂತಿತು. ಅಜ್ಜಿ ನನ್ನ ಕಡೆ ತಿರುಗಿ, "ನಿನ್ನ ತಾಯಿ ಏನೆಂದಳು?" ಎಂದಳು.

"ಇಲಾಖೆಗೆ ಆಶೀರ್ವಾದ ಮಾಡಿದಳು" ಎಂದೆ.

ಆರೂ ಮಂದಿ ಚಪ್ಪಾಳೆ ತಟ್ಟಿ, ಕ್ಯಾಮರಾಗಳನ್ನೆಲ್ಲ ಸಾಹೇಬರ ಕಡೆ ತಿರುಗಿಸಿ ಕಾದರು. ಅವ್ವನ ಮಾತು ಅಕ್ಷರ ಅಕ್ಷರವೂ ಅರ್ಥವಾಗಿದ್ದ ಸಾಹೇಬರು ಎರಡೂ ಕೈ ಜೋಡಿಸಿ, ಸೊಂಟ ಬಗ್ಗಿಸಿ, ಅವ್ವನಿಗೆ ನಮಸ್ಕಾರ ಮಾಡಿದರು.